ಕಿಟಕಿ ಸರಳಿಗೆ ಕಟ್ಟಿದ ಇಂಟರ್ನೆಟ್ಟು

ಮೊನ್ನೆ ನಮ್ಮ ಕಂಪ್ಯೂಟರಿಗೆ ಮತ್ತೆ ಜ್ವರ ಬಂತು. ವರ್ಷಕ್ಕೆ ಎರಡು ಸಲ ಅದಕ್ಕೆ ಹೀಗಾಗುತ್ತದೆ. ಮೊದಲು ನಿಧಾನವಾಗುತ್ತದೆ, ಆಮೇಲೆ ಮುನಿಸಿಕೊಳ್ಳುತ್ತದೆ, ಕೊನೆಗೆ ನೀಲಿ ಮುಖ ಮಾಡಿಕೊಂಡು ಕೂತುಬಿಡುತ್ತದೆ. ಆಗ ಒಳಗಿರುವುದನ್ನೆಲ್ಲ ಅಳಿಸಿ ವಿಂಡೋಸನ್ನು ಹೊಸದಾಗಿ ಹಾಕಬೇಕು. ಹಾಕಿದ ಮೇಲೆ ಅದಕ್ಕೆ ಹಿಂದಿನದು ಒಂದೂ ನೆನಪಿರುವುದಿಲ್ಲ. ತನಗೆ ಸ್ಪೀಕರ್ ಇದೆ ಎಂಬುದೂ ಗೊತ್ತಿಲ್ಲ, ಬೆನ್ನಿಗೆ ಚುಚ್ಚಿಕೊಂಡಿರುವ ವೈರ್‌ಲೆಸ್ ಅಡಾಪ್ಟರ್ ಯಾರ ಮನೆಯದು ಎಂಬುದೂ ಗೊತ್ತಿಲ್ಲ. ಒಬ್ಬೊಬ್ಬರನ್ನೇ ಕರೆದು ಪರಿಚಯ ಮಾಡಿಸಬೇಕು. ಹಾಗೆ ಪರಿಚಯ ಮಾಡಿಸುವ ತಂತ್ರಾಂಶಕ್ಕೆ ಡ್ರೈವರ್ ಅನ್ನುತ್ತಾರೆ. ಮದುವೆಮನೆಯಲ್ಲಿ ಪಕ್ಕಕ್ಕೆ ಬಂದು ನಿಂತು, "ಇವ್ರು ನಿಮ್ ದೊಡ್ಡಪ್ಪನ ಷಡ್ಡಕ, ನಮಸ್ಕಾರ ಮಾಡು" ಎಂದು ಪಿಸುಗುಟ್ಟುವ ಹಿರಿಯರಿರುತ್ತಾರಲ್ಲ, ಅವರ ಕೆಲಸವೇ ಇದರದ್ದೂ.

ಈ ಪರಿಚಯದ ಶಾಸ್ತ್ರ ಶುರುಮಾಡುವ ಮೊದಲು ನನ್ನ ಕೈ ತಾನಾಗಿಯೇ ಎಡಗಡೆ ಗೋಡೆಯ ಮೊಳೆಗೆ ಹೋಯಿತು. ಅಲ್ಲಿ ದಪ್ಪ ರಟ್ಟಿನ ಒಂದು ಕಾರ್ಡು ದಾರದಲ್ಲಿ ನೇತಾಡುತ್ತದೆ. ತಾರೀಕು, ದೋಷ, ಕಾರಣ, ಮಾಡಿದ ಕೆಲಸ ಎಂದು ನಾಲ್ಕು ಕಲಂ. ಫ್ಯಾಕ್ಟರಿಗಳಲ್ಲಿ ಪ್ರತಿ ಮೆಷಿನ್ನಿನ ಪಕ್ಕದಲ್ಲೂ ಇಂಥದೊಂದು ಇರುತ್ತದೆ. ಅಲ್ಲಿ ಅದಕ್ಕೆ ಹಿಸ್ಟರಿ ಕಾರ್ಡ್ ಎನ್ನುತ್ತಾರೆ. ನಮ್ಮಮ್ಮ ಜಾತಕ ಎನ್ನುತ್ತಾಳೆ. ತಮಿಳುನಾಡಿನ ಗಡಿಯ ನಮ್ಮ ಇಡೀ ಕೆಲಮಂಗಲದಲ್ಲಿ ಜಾತಕ ಬರೆಸಿಕೊಂಡ ಕಂಪ್ಯೂಟರ್ ನಮ್ಮದೊಂದೇ ಇರಬೇಕು. ಅದರ ಮೊದಲ ಸಾಲು ನನ್ನ ಬರಹದ್ದಲ್ಲ. ದುಂಡಗೆ, ಒತ್ತಿ, ಕಲ್ಲಿನಲ್ಲಿ ಕೆತ್ತಿದ ಹಾಗೆ ಬರೆದ ಆ ಸಾಲನ್ನು ನೋಡಿದಾಗಲೆಲ್ಲ ನಾನು ಒಂದು ನಿಮಿಷ ಸುಮ್ಮನಾಗುತ್ತೇನೆ. ನನ್ನನ್ನು ಬಲ್ಲವರಿಗೆ ಗೊತ್ತು, ನಾನು ಒಂದು ನಿಮಿಷ ಸುಮ್ಮನಾಗುವುದೆಂದರೆ ಏನು ಎಂದು.

ಗೊತ್ತಿಲ್ಲದವರಿಗೆ ಹೇಳಿಬಿಡುತ್ತೇನೆ. ನನಗೊಂದು ಚಾಳಿ ಇದೆ. ಯಾರನ್ನೇ ಆಗಲಿ ಎರಡು ನಿಮಿಷ ನೋಡಿದರೆ ಅವರ ಗಂಟಲು ನನ್ನ ಗಂಟಲಿಗೆ ಅಂಟಿಕೊಳ್ಳುತ್ತದೆ. ಹೊಸೂರು ಬಸ್‌ಸ್ಟ್ಯಾಂಡಿನಲ್ಲಿ "ರಾಯಕೋಟೈ, ರಾಯಕೋಟೈ" ಎಂದು ಮೂಗಿನಲ್ಲೇ ಊರು ಕಟ್ಟುವ ಕಂಡಕ್ಟರು, ಪಕ್ಕದ ತಳಿ ಊರಿಂದ ಹೂಕೋಸು ತಂದು ಬೆಲೆ ಕೇಳಿದವರಿಗೆಲ್ಲ ಬೈಗುಳ ಕೊಡುವ ಅಜ್ಜಿ, ಸೀನುವ ಮೊದಲು ನಮ್ಮಪ್ಪ ಆಕಾಶ ನೋಡಿ ತೆಗೆದುಕೊಳ್ಳುವ ವಿರಾಮ, ಎಲ್ಲವೂ ನನ್ನಲ್ಲಿ ಸ್ಟಾಕ್ ಇದೆ. ಎಂಟನೇ ಕ್ಲಾಸಿನಲ್ಲಿ ಒಂದು ದಿನ ಬಾಗಿಲ ಹಿಂದೆ ನಿಂತು, ಕೃಷ್ಣಗಿರಿಯಿಂದ ಬರುತ್ತಿದ್ದ ಸ್ಕೂಲ್ ಇನ್ಸ್‌ಪೆಕ್ಟರ ತಮಿಳಿನಲ್ಲಿ ಗದರಿದೆ. ಇಡೀ ಕ್ಲಾಸು ಎದ್ದು ನಿಂತಿತು. ಮೇಷ್ಟ್ರೂ ಎದ್ದು ನಿಂತರು. ಮೇಷ್ಟ್ರು ಎದ್ದದ್ದೇ ನನಗೆ ಮುಳುವಾಯಿತು. ಒಂದು ವಾರ ದಿನವೂ ಅದೇ ದನಿಯಲ್ಲಿ ಪ್ರಾರ್ಥನೆ ಹೇಳಿಸಿದರು. ಮೂರನೇ ದಿನದಿಂದ ದೇವರೇ ಬೇಸತ್ತಿರಬೇಕು.

ನನ್ನ ಅಂಗಡಿಯ ಅತ್ಯಂತ ಮಾರಾಟದ ಸರಕು ಎದುರುಮನೆಯ ಮುನಿರಾಜ ಮಾಮ. ಮಾಮ ಅಂದರೆ ನೆಂಟನಲ್ಲ, ಬೀದಿಗೆಲ್ಲ ಮಾಮ. ಹೊಸೂರಿನ ಒಂದು ಫ್ಯಾಕ್ಟರಿಯಲ್ಲಿ ಮೆಷಿನ್ ರಿಪೇರಿ ಮಾಡುವ ಫಿಟ್ಟರು. ಅವರ ಮಾತು ಕನ್ನಡದಲ್ಲಿ ಹೊರಟು ತಮಿಳಿನಲ್ಲಿ ತಿರುಗಿ ತೆಲುಗಿನಲ್ಲಿ ನಿಲ್ಲುತ್ತದೆ. ಏನು ಹೇಳಿದರೂ ಅವರು ಮೂರು ಪ್ರಶ್ನೆ ಕೇಳುತ್ತಾರೆ: "ಏನಾಯ್ತು?" "ಅದುಕ್ ಮುಂಚೆ ಏನಾಯ್ತು?" "ಅದುಕೂ ಮುಂಚೆ?" ಪ್ರತಿ ಪ್ರಶ್ನೆಗೂ ಮುಂಚೆ ಕನ್ನಡಕ ಹಣೆಗೆ ಹೋಗುತ್ತದೆ, ಗಂಟಲಲ್ಲಿ ಒಂದು ಗರಗಸ ಓಡುತ್ತದೆ. ಹಲ್ಲುನೋವು ಎಂದವನನ್ನೂ ಮಾಮ ಹಿಂದಿನ ಶುಕ್ರವಾರದ ಊಟದವರೆಗೆ ಕರೆದುಕೊಂಡು ಹೋಗುತ್ತಿದ್ದರು. ಟೀ ಅಂಗಡಿಯಲ್ಲಿ ನಾನು ಈ ಮೂರು ಪ್ರಶ್ನೆ ಕೇಳಿದರೆ ಸಾಕು, ಜನ ಗ್ಲಾಸು ಕೆಳಗಿಟ್ಟು ನಗುತ್ತಿದ್ದರು. ನಾನೂ ಅದನ್ನೇ ದೊಡ್ಡ ವಿದ್ಯೆ ಎಂದುಕೊಂಡಿದ್ದೆ.

ಈಗ ಕಾರ್ಡಿನ ಮೊದಲ ಸಾಲಿನ ಕಥೆ.

ಎರಡು ವರ್ಷದ ಹಿಂದೆ ನಮ್ಮ ಮನೆಯಲ್ಲಿ ಕಂಪ್ಯೂಟರ್ ಇತ್ತು, ಇಂಟರ್ನೆಟ್ ಇರಲಿಲ್ಲ. ಮಾಮನ ಮನೆಯಲ್ಲಿ ಇಂಟರ್ನೆಟ್ ಇತ್ತು, ಕಂಪ್ಯೂಟರ್ ಇರಲಿಲ್ಲ. ಮಗಳ ಓದಿಗೆಂದು ಫೋನಿನ ಜೊತೆಗೆ ಹಾಕಿಸಿದ್ದರು. ಮಗಳು ಲ್ಯಾಪ್‌ಟಾಪ್ ಸಮೇತ ಸೇಲಂ ಹಾಸ್ಟೆಲ್ಲಿಗೆ ಹೋದ ಮೇಲೆ, ಒಂಟಿ ಕೊಂಬಿನ ಆ ಮೋಡೆಮ್ ಖಾಲಿ ಮನೆಗೆ ದೀಪ ಮಿನುಗಿಸುತ್ತ ಕೂತಿತ್ತು. "ಬೇಕಾದ್ರೆ ನೀವು ಬಳಸ್ಕೊಳ್ಳಿ, ಸುಮ್ನೆ ಗಾಳೀಲ್ ಹೋಗ್ತೈತೆ" ಎಂದು ಮಾಮ ತಾವೇ ಹೇಳಿದ್ದರು. ಗಾಳಿಯಲ್ಲಿ ಹೋಗುವುದನ್ನು ಹಿಡಿಯಲು ಬೇಕಾದದ್ದು ಹೆಬ್ಬೆರಳಿನಷ್ಟು ಉದ್ದದ ಒಂದು ಯುಎಸ್‌ಬಿ ಅಡಾಪ್ಟರು. ಬೆಂಗಳೂರಿಗೆ ಹೋಗಿ ತಂದವನು ನಾನೇ.

ತಂದ ವಾರದಲ್ಲೇ ಅಕ್ಕನಿಗೆ ಕಾಗದ ಬಂತು. ನನ್ನ ಅಕ್ಕ ಸುಮ ಆಗ ಹೊಸೂರಿನ ಒಂದು ಫ್ಯಾಕ್ಟರಿಯಲ್ಲಿ ನಿಂತೇ ತಿರುಪು ಹಾಕುವ ಗುತ್ತಿಗೆ ಕೆಲಸಕ್ಕೆ ಹೋಗುತ್ತಿದ್ದಳು. ಅವಳಿಗೆ ಬೇಕಾಗಿದ್ದದ್ದು ಬೆಂಗಳೂರಿನ ಒಂದು ಆಸ್ಪತ್ರೆಯ ಲ್ಯಾಬ್ ಟೆಕ್ನಿಷಿಯನ್ ಕೋರ್ಸು. ಹಿಂದಿನ ವರ್ಷ ಸಿಕ್ಕಿರಲಿಲ್ಲ. ಈ ವರ್ಷ ಎರಡನೇ ಪಟ್ಟಿಯಲ್ಲಿ ಹೆಸರು ಬಂದಿತ್ತು. ಮುಂದಿನ ವರ್ಷಕ್ಕೆ ವಯಸ್ಸು ಮೀರುತ್ತಿತ್ತು. ಅವರ ವೆಬ್‌ಸೈಟಿಗೆ ಹೋಗಿ, ಒಂದು ಫಾರಂ ತುಂಬಿ, ಬರುತ್ತೇನೆ ಎಂದು ಒತ್ತಬೇಕು. ಒತ್ತದಿದ್ದರೆ ಸೀಟು ಕೆಳಗಿನ ಹೆಸರಿಗೆ. ಕೊನೆಯ ಗಡುವು ಶುಕ್ರವಾರ ಸಂಜೆ ಆರು ಗಂಟೆ. ಆ ಶುಕ್ರವಾರವೇ ಆಯುಧ ಪೂಜೆ, ನಮ್ಮ ಕಡೆ ಸರಸ್ವತಿ ಪೂಜೆಯೂ ಅಂದೇ ಎಂಬುದು ಗಡುವು ಹಾಕಿದ ಕಂಪ್ಯೂಟರಿಗೆ ಹೇಗೆ ಗೊತ್ತಾಗಬೇಕು?

ಕಾಗದ ಬಂದದ್ದು ಮಂಗಳವಾರ. ಬ್ರೌಸಿಂಗ್ ಸೆಂಟರು ಮೂರು ಬೀದಿ ಆಚೆ. ಅಕ್ಕ ಚಪ್ಪಲಿ ಹಾಕಿಕೊಂಡಾಗಿತ್ತು. "ಎಲ್ಲೋಗ್ತೀಯ? ಆ ಪರದೆ ಹಿಂದೆ ಹುಡುಗ್ರ ಮಧ್ಯೆ ಯಾಕ್ ಕೂರ್ತೀಯ? ಇಂಟರ್ನೆಟ್ಟು ಮನೆಗೇ ಬತ್ತೈತೆ" ಎಂದು ತಡೆದವನೂ ನಾನೇ. ತಮ್ಮ ಅಂದರೆ ಇವನು ಎಂಬ ಮುಖ ಮಾಡಿಕೊಂಡು ಅವಳು ಚಪ್ಪಲಿ ಬಿಟ್ಟಳು.

ಮನೆಗೆ ಬಂದ ಹೊಸ ಮೆಷಿನ್ನಿಗೆ ಕುಂಕುಮ ಇಡದೆ ಬಳಸುವುದು ನಮ್ಮ ಕಡೆ ಇಲ್ಲ. ಸ್ಪಾನರಿಗೂ ಉಂಟು, ಮಿಕ್ಸಿಗೂ ಉಂಟು. ಅಮ್ಮ ತಟ್ಟೆ ತಂದಳು. ಅಡಾಪ್ಟರಿನ ಮುಂಭಾಗದಲ್ಲಿ ಒಂದು ಪುಟ್ಟ ದೀಪವಿತ್ತು. "ಕಣ್ಣಿರೋ ಕಡೆ ಬ್ಯಾಡ" ಎಂದು ತಿರುಗಿಸಿ ಬೆನ್ನಿಗೆ ಇಟ್ಟಳು. ಬೆನ್ನಿನಲ್ಲಿ ಬಿಳಿಯ ಚೀಟಿಯೊಂದು ಅಂಟಿತ್ತು. ಬಿಳಿಯ ಮೇಲೆ ಕುಂಕುಮ ಚೆನ್ನಾಗಿ ಕೂರುತ್ತದೆ. ನಾನಾದರೂ ಸುಮ್ಮನಿರಬೇಕಲ್ಲ. ನಮ್ಮ ಬೀದಿಯ ದೇವಸ್ಥಾನದ ಅರ್ಚಕರ ದನಿಯಲ್ಲಿ ಮಂತ್ರ ಶುರುಮಾಡಿದೆ, ಅರ್ಚಕರ ಹಾಗೇ ನೀರಿನಲ್ಲಿ ಗಂಧ ಕಲಸಿ ಇನ್ನೊಂದು ಪದರ ಬಳಿದೆ, ಅದರ ಮೇಲೆ ವಿಭೂತಿ. ಅಮ್ಮನೂ ಅಕ್ಕನೂ ಹೊಟ್ಟೆ ಹಿಡಿದುಕೊಂಡು ನಕ್ಕರು. ಅಡಾಪ್ಟರು ಶಬರಿಮಲೆಗೆ ಹೊರಟ ಹಾಗೆ ಕಾಣುತ್ತಿತ್ತು.

ಡಬ್ಬಿಯಲ್ಲಿ ನಿಪ್ಪಟ್ಟಿನಷ್ಟು ಅಗಲದ ಒಂದು ಸಿ.ಡಿ. ಇತ್ತು. ಮೊದಲು ಸಿ.ಡಿ. ಹಾಕಿ, ಆಮೇಲೆ ಅಡಾಪ್ಟರ್ ಚುಚ್ಚಿ ಎಂದು ಕೆಂಪಕ್ಷರದಲ್ಲಿ ಬರೆದಿತ್ತು. ಕೆಂಪಕ್ಷರವನ್ನು ಓದುವವರು ಬೇರೆ ಜಾತಿಯ ಜನ. ನಾನು ಮೊದಲು ಚುಚ್ಚಿದೆ. ಇವನು ಯಾರು ಎಂದು ಕಂಪ್ಯೂಟರು ಕೇಳಿತು. ಸಿ.ಡಿ.ಯಲ್ಲಿ ಡ್ರೈವರಿನ ಎರಡು ಫೋಲ್ಡರುಗಳಿದ್ದವು, ಒಂದರ ಹೆಸರು ವಿ ಒಂದು, ಇನ್ನೊಂದರದು ವಿ ಎರಡು. ನಾನು ಒಂದನ್ನು ತೋರಿಸಿದೆ. ಅದು ನಂಬಿತು. ನಂಬಿ, ಹಳದಿ ಬಣ್ಣದ ಒಂದು ಉದ್ಗಾರ ಚಿಹ್ನೆ ಹಾಕಿ, ಈ ಸಾಧನವನ್ನು ಶುರುಮಾಡಲು ಆಗುವುದಿಲ್ಲ ಎಂದಿತು. ಕಿತ್ತು ಮತ್ತೆ ಚುಚ್ಚಿದೆ. ಮತ್ತೆ ಅದೇ. ಬುಧವಾರ ಹೀಗೆ ಹೋಯಿತು. ಗುರುವಾರ ಅಕ್ಕ ಕೇಳಿದಾಗ, "ಸಿಗ್ನಲ್ ಬಂದೈತೆ, ಸ್ವಲ್ಪ ಸೆಟ್ಲಾಗ್ಬೇಕು" ಎಂದೆ. ಡಾಂಬರು ಹಾಕಿದ ರಸ್ತೆಯ ಬಗ್ಗೆ ಹೇಳುವ ಮಾತು ಅದು. ಪಾಪ, ಅವಳು ನಂಬಿದಳು. ಕಂಪ್ಯೂಟರಿಗಿಂತ ಬೇಗ ನಂಬಿದಳು.

ಶುಕ್ರವಾರ ಬೆಳಿಗ್ಗೆ ಪೂಜೆಯಾಯಿತು. ಅಡಾಪ್ಟರಿಗೆ ಇನ್ನೊಂದು ಸುತ್ತು ಕುಂಕುಮ, ಮಾನಿಟರಿಗೆ ಚೆಂಡುಹೂವಿನ ಹಾರ. ಮಧ್ಯಾಹ್ನ ಮೂರರ ಹೊತ್ತಿಗೆ ನಾನು ಮೆಲ್ಲಗೆ ಬ್ರೌಸಿಂಗ್ ಸೆಂಟರಿಗೆ ಹೋದೆ. ಬಾಗಿಲಿಗೆ ಬಾಳೆಕಂದು, ಮುಂದೆ ಒಡೆದ ಬೂದುಗುಂಬಳ, ಬೀಗ. ಹೊಸೂರಿನ ಗೆಳೆಯನಿಗೆ ಫೋನ್ ಮಾಡಿದರೆ ಅಲ್ಲೂ ಎಲ್ಲಾ ಹಾಗೇ ಎಂದ. ಆಸ್ಪತ್ರೆಯ ಆಫೀಸಿನ ನಂಬರು ಹೊಡೆದುಕೊಳ್ಳುತ್ತಲೇ ಇತ್ತು, ಎತ್ತುವವರಿಲ್ಲ. ಮನೆಗೆ ಬಂದು ಸ್ವಿಚ್ಚಿಗೆ ಕೈ ಹಾಕಿದರೆ ಅಮ್ಮ ಅಡ್ಡ ಬಂದಳು.

"ಪೂಜೆಗಿಟ್ಟಿದ್ದನ್ನ ನಾಳೆ ಕದಲಿಸಿದ್ಮೇಲೇ ಮುಟ್ಟೋದು. ನಿಮ್ಮಪ್ಪ ಮೊಪೆಡ್ ಬುಟ್ಟು ಉದ್ದನಪಲ್ಲಿಗೆ ಬಸ್ಸಲ್ಲೋಗವ್ರೆ."

"ಬಸ್ಸಿಗೂ ಪೂಜೆ ಮಾಡವ್ರಲ್ಲಮ್ಮ, ಅದು ಓಡ್ತಿಲ್ವಾ?"

"ಅದು ಸರ್ಕಾರುದ್ದು ಕಣ್ಲಾ. ಸರ್ಕಾರುದ್ ಪಾಪ ಸರ್ಕಾರಕ್ಕೆ."

ಇದೆಲ್ಲ ಅಕ್ಕ ಕೇಳಿಸಿಕೊಂಡಳು. ನಗಿಸೋಣ ಎಂದು ನಾನು ಬ್ರೌಸಿಂಗ್ ಸೆಂಟರಿನವನ ದನಿಯಲ್ಲಿ, "ಸರ್ವರ್ ಡೌನ್ ಮೇಡಂ, ನಾಳೈಕ್ಕಿ ವಾಂಗ, ನಾಳೆ ಬನ್ನಿ" ಎಂದೆ. ಅವಳು ನಗಲಿಲ್ಲ.

"ನಿಂದೇ ಅಂತ ಒಂದ್ ಗಂಟ್ಲಿದ್ರೆ ಅದ್ರಲ್ ಹೇಳು ಶಿವು. ಆಗ್ತದೋ ಇಲ್ವೋ?"

"ಗೊತ್ತಿಲ್ಲಕ್ಕ."

ಅವಳು ಬೈಯಲಿಲ್ಲ. ಬೈದಿದ್ದರೆ ಆ ಬೈಗುಳವನ್ನೂ ಅನುಕರಿಸಿ ಪಾರಾಗುತ್ತಿದ್ದೆನೇನೋ. ಕೈ ಒರೆಸಿಕೊಂಡು, ಬೀದಿ ದಾಟಿ, ಮುನಿರಾಜ ಮಾಮನನ್ನು ಕರೆದುಕೊಂಡು ಬಂದಳು.

ಮಾಮ ಹಬ್ಬದ ಬಿಳಿ ಪಂಚೆಯಲ್ಲಿ, ಬಾಯಲ್ಲಿ ಕಡ್ಲೆಪುರಿ ಅಗಿಯುತ್ತ ಬಂದರು. ಕುರ್ಚಿ ಎಳೆದುಕೊಂಡರು. ಕನ್ನಡಕ ಹಣೆಗೇರಿತು. ಗರಗಸ ಓಡಿತು.

"ಏನಾಯ್ತು?"

ಹೇಳಿದೆ. ಗಡಿಯಾರ ನಾಲ್ಕು ತೋರಿಸುತ್ತಿತ್ತು.

"ಅದುಕ್ ಮುಂಚೆ ಏನಾಯ್ತು?"

ಫೋಲ್ಡರ್ ತೋರಿಸಿದ್ದು, ಕಿತ್ತದ್ದು, ಚುಚ್ಚಿದ್ದು ಎಲ್ಲ ಹೇಳಿದೆ. ಆ ಮೂರನೇ ಪ್ರಶ್ನೆ ಬರುತ್ತದೆಂದು ಗೊತ್ತಿತ್ತು. ಟೀ ಅಂಗಡಿಯಲ್ಲಿ ಸಾವಿರ ಸಲ ನಾನೇ ಕೇಳಿದ ಪ್ರಶ್ನೆ.

"ಅದುಕೂ ಮುಂಚೆ?"

"ಅದಕ್ಕೂ ಮುಂಚೆ ಏನಿಲ್ಲ ಮಾಮ. ತಂದಿದ್ದು, ಅಮ್ಮ ಕುಂಕುಮ ಇಟ್ಟಿದ್ದು, ಅಷ್ಟೆ."

"ಎಲ್ ಇಟ್ರು?"

ಅಡಾಪ್ಟರನ್ನು ಕೊಟ್ಟೆ. ಮಾಮ ಅದನ್ನು ಅಂಗೈಯಲ್ಲಿಟ್ಟು ತಿರುಗಿಸಿದರು. "ಇದ್ರ ನೇಮ್‌ಪ್ಲೇಟ್ ಎಲ್ಲೈತೆ?"

"ಮಾಮ, ಇದೇನ್ ಲೇಥ್ ಮೆಷಿನ್ನಾ?"

"ಹುಟ್ಟಿದ್ ಮೇಲೆ ಹೆಸ್ರಿರಲ್ವೇನ್ಲಾ? ನೇಮ್‌ಪ್ಲೇಟ್ ಓದ್ದೆ ಸ್ಪಾನರ್ ಹಿಡೀಬಾರ್ದು. ಜಯಮ್ಮಕ್ಕ, ಸ್ವಲ್ಪ ಎಣ್ಣೆ, ಒಂದ್ ಹತ್ತಿ ಕೊಡ್ರಿ."

ಅಮ್ಮ ಹಿಂಜರಿದಳು. "ಇವತ್ತು ಮುಟ್ಬೋದಾ ಅಣ್ಣ?"

"ಓಡ್ಸೋದು ಕೆಲ್ಸ ಅಕ್ಕ. ರಿಪೇರಿ ಮಾಡೋದು ಸೇವೆ. ನಮ್ ಫ್ಯಾಕ್ಟರೀಲಿ ವರ್ಷಕ್ಕೊಂದ್ ದಿನ ಮೆಷಿನ್ ಪೂರಾ ನಿಲ್ಲೋದೇ ಇವತ್ತು. ನಾವು ಎಣ್ಣೆ ಬಿಡೋದೂ ಇವತ್ತೇ."

ಅಮ್ಮ ದೇವರ ಮುಂದಿನ ಹೂಬತ್ತಿಯನ್ನೇ ತಂದುಕೊಟ್ಟಳು. ಮಾಮ ಕೊಬ್ಬರಿ ಎಣ್ಣೆಯಲ್ಲಿ ಅದ್ದಿ, ಮಗುವಿನ ಕಿವಿ ಒರೆಸುವ ಹಾಗೆ ಒರೆಸತೊಡಗಿದರು. ವಿಭೂತಿ ಹೋಯಿತು, ಗಂಧ ಹೋಯಿತು, ಕುಂಕುಮ ಹೋಯಿತು. ಸಾಸಿವೆಗಿಂತ ಸಣ್ಣ ಅಕ್ಷರಗಳು ಒಂದೊಂದಾಗಿ ಎದ್ದವು. ಮಾಮ ಅದನ್ನು ಬೆಳಕಿಗೆ ಹಿಡಿದು ಓದಿದರು, ಕನ್ನಡಕ ಇಳಿಸಿ ಓದಿದರು, ಅಕ್ಕನ ಕೈಗೆ ಕೊಟ್ಟು ಅವಳಿಂದಲೂ ಓದಿಸಿದರು.

"ವಿ ಎರಡು" ಎಂದಳು ಅಕ್ಕ.

"ನೀನ್ ಯಾವ್ದು ಹಾಕ್ದೆ?"

"ಒಂದು."

"ಯಾಕೆ ಒಂದು?"

"ಒಂದು ಮೊದ್ಲು ಬತ್ತದಲ್ಲ ಮಾಮ."

ಹೊರಗಿನಿಂದ ಎರಡೂ ಒಂದೇ ಅಡಾಪ್ಟರು. ಹೆಸರು ಒಂದೇ, ಡಬ್ಬಿ ಒಂದೇ. ಒಳಗಿನ ಎಲೆಕ್ಟ್ರಾನಿಕ್ ಚಿಪ್ ಅನ್ನು ಮಾತ್ರ ಕಂಪನಿಯವರು ನಡುವೆ ಬದಲಿಸಿಬಿಟ್ಟಿದ್ದರು. ಅದನ್ನು ಹೇಳುವ ಒಂದೇ ಒಂದು ಜಾಗ ಆ ಬಿಳಿ ಚೀಟಿ, ಅದರ ಮೇಲೆ ಅಮ್ಮನ ಕುಂಕುಮ ಸಾಲದೆಂದು ಅರ್ಚಕರ ದನಿಯಲ್ಲಿ ಇನ್ನೆರಡು ಪದರ ಬಳಿದವನು ನಾನು.

ನಾನು ತಕ್ಷಣ ಎರಡನೇ ಫೋಲ್ಡರಿಗೆ ಕೈಹಾಕಿದೆ. ಮಾಮ ಕೈ ಹಿಡಿದರು. "ಪೊರುಮೈಯಾ, ಪೊರುಮೈಯಾ. ತಾಳ್ಮೆ ಇರ್ಲಿ. ಹಳೇ ಬೇರಿಂಗ್ ಬಿಚ್ದೆ ಹೊಸ್ದು ಕೂರ್ತದಾ? ಮೊದ್ಲು ಅದುನ್ ತೆಗಿ." ಕಂಪ್ಯೂಟರಿನ ಬಗ್ಗೆ ಮಾಮನಿಗೆ ಗೊತ್ತಿದ್ದದ್ದು ಅದಕ್ಕೆ ಕರೆಂಟು ಬೇಕು ಎಂಬುದಷ್ಟೇ. ಆದರೂ ಅವರು ಹೇಳಿದ್ದೇ ಸರಿ. ತಪ್ಪು ಡ್ರೈವರನ್ನು ತೆಗೆದೆ. ಅಡಾಪ್ಟರನ್ನು ಕಿತ್ತೆ. ಕಂಪ್ಯೂಟರನ್ನು ಆರಿಸಿ ಹಚ್ಚಿದೆ.

ಅದು ಎದ್ದು ಕೂರುವುದಕ್ಕೆ ಬಹಳ ಹೊತ್ತು ಬೇಕು. ಅಷ್ಟರಲ್ಲಿ, ಇದಾದ ಮೇಲಿನ ಎರಡು ವರ್ಷದ ಸಂಗತಿ ಹೇಳಿಬಿಡುತ್ತೇನೆ. ಮಾರನೆಯ ದಿನ ಮಾಮ ತಮ್ಮ ಕೈಯಾರೆ ಈ ಕಾರ್ಡು ತಯಾರಿಸಿ ತಂದರು. ಮೊದಲ ಸಾಲು ತಾವೇ ಬರೆದರು. ದೋಷ: ಓಡುವುದಿಲ್ಲ. ಕಾರಣ: ನೇಮ್‌ಪ್ಲೇಟ್ ಓದಿಲ್ಲ. ಯಾರು ಓದಿಲ್ಲ ಎಂಬುದಕ್ಕೆ ಕಲಂ ಇರಲಿಲ್ಲ. ಯಾಕೆ ಮಾಮ ಎಂದು ಕೇಳಿದರೆ, "ಕಾರ್ಡು ಮೆಷಿನ್ದು ಕಣ್ಲಾ, ನಿಂದಲ್ಲ" ಎಂದರು. ಅಲ್ಲಿಂದ ಈಚೆಗೆ ಕಂಪ್ಯೂಟರಿಗೆ ಏನೇ ಮಾಡಿದರೂ ಬರೆಯುತ್ತೇನೆ: ಯಾವ ಫೋಲ್ಡರು, ಯಾವ ತಾರೀಕು, ಮೊದಲು ಏನು, ಆಮೇಲೆ ಏನು. ವಿಂಡೋಸ್ ಎಷ್ಟು ಸಲ ಎಲ್ಲ ಮರೆತರೂ ಕಾರ್ಡು ಮರೆಯುವುದಿಲ್ಲ. ಸಿ.ಡಿ.ಗೆ ಗೀರು ಬೀಳುವ ಮೊದಲೇ ಅದರ ನಕಲು ತೆಗೆದಿಡು ಎಂದದ್ದೂ ಮಾಮನೇ. ಸ್ಪೇರ್ ಇಲ್ಲದ ಮೆಷಿನ್ನು ಮೆಷಿನ್ನೇ ಅಲ್ಲ ಎಂಬುದು ಅವರ ವಾದ. ಈಗ ತಳಿಯ ಗುಲಾಬಿ ತೋಟದ ಗುಮಾಸ್ತರವರೆಗೆ ಅಡಾಪ್ಟರ್ ಓಡದವರು ನಮ್ಮ ಮನೆಗೆ ಬರುತ್ತಾರೆ. ನಾನು ಕುರ್ಚಿ ಎಳೆದುಕೊಂಡು, ಏನಾಯ್ತು, ಅದಕ್ಕೆ ಮುಂಚೆ ಏನಾಯ್ತು ಎಂದು ಕೇಳುತ್ತೇನೆ. ಬಂದವರು ಮಾಮನ ಮಿಮಿಕ್ರಿ ಎಂದುಕೊಂಡು ನಗುತ್ತಾರೆ. ನಗಲಿ. ಹತ್ತರಲ್ಲಿ ಎಂಟು ಅಡಾಪ್ಟರು ಆ ಪ್ರಶ್ನೆಗಳಿಗೇ ಸರಿಹೋಗುತ್ತವೆ.

ಕಂಪ್ಯೂಟರು ಎದ್ದಿತು. ಈ ಸಲ ಕೆಂಪಕ್ಷರದ ಪ್ರಕಾರ ನಡೆದೆ. ಮೊದಲು ಸಿ.ಡಿ., ಎರಡನೇ ಫೋಲ್ಡರು. ಎಲ್ಲ ಮುಗಿದು, ಈಗ ಚುಚ್ಚಿ ಎಂದು ಅದು ಹೇಳಿದ ಮೇಲೆ ಚುಚ್ಚಿದೆ. ಅಡಾಪ್ಟರಿನ ಕಣ್ಣು ಹಸಿರಾಗಿ ಮಿಟುಕಿತು. ಹಳದಿ ಚಿಹ್ನೆ ಇಲ್ಲ. ಆದರೆ ಮಾಮನ ಮನೆಯ ಸಿಗ್ನಲ್ಲು ಒಂದು ಗೆರೆ ಬರುವುದು, ಹೋಗುವುದು. ಡಬ್ಬಿಯಲ್ಲಿದ್ದ ಉದ್ದನೆಯ ವೈರು ಸೇರಿಸಿ, ಅಡಾಪ್ಟರನ್ನು ಕಿಟಕಿಯವರೆಗೆ ಎಳೆದೆವು. ಅಮ್ಮ ಹೂ ಕಟ್ಟಿ ಮಿಕ್ಕಿದ್ದ ಬಾಳೆನಾರನ್ನು ಕೊಟ್ಟಳು. ಅಕ್ಕ ಅದರಲ್ಲಿ ಅಡಾಪ್ಟರನ್ನು ಕಿಟಕಿ ಸರಳಿಗೆ ಬಿಗಿದಳು. ಮೂರು ಗೆರೆ ನಿಂತಿತು. ಮೋಡೆಮ್ಮಿನ ಬೆನ್ನಿಗೆ ಮಗಳು ಅಂಟಿಸಿಟ್ಟಿದ್ದ ಪಾಸ್‌ವರ್ಡಿನ ಚೀಟಿಯನ್ನು ಮಾಮ ತಮ್ಮ ಮನೆಯ ಜಗಲಿಯಲ್ಲಿ ನಿಂತು ಒಂದೊಂದೇ ಅಕ್ಷರವಾಗಿ ಕೂಗಿ ಹೇಳಿದರು. ಆ ಹೊತ್ತು ಇಡೀ ಬೀದಿಗೆ ನಮ್ಮ ಇಂಟರ್ನೆಟ್ಟಿನ ಗುಟ್ಟು ತಿಳಿಯಿತು.

ಪುಟ ತೆರೆದಾಗ ಐದೂ ಇಪ್ಪತ್ತು. ಅಕ್ಕ ಕುರ್ಚಿಯಲ್ಲಿ ಕೂತಳು. ಹೆಸರು, ತಂದೆಯ ಹೆಸರು, ಊರು, ಅಂಕಗಳು. ಎಲ್ಲ ತುಂಬಿದ ಮೇಲೆ ಕೆಳಗೊಂದು ಗುಂಡಿ. ಅವಳ ಬೆರಳು ಮೌಸಿನ ಮೇಲೆ ನಿಂತಿತು. ಅವಳು ಅಮ್ಮನ ಕಡೆ ನೋಡಿದಳು. ರಿಪೇರಿಯೇನೋ ಸೇವೆ. ಇದು ಕೆಲಸ. ಮಾಮ ಅಷ್ಟರಲ್ಲಿ ಬೀದಿ ದಾಟಿ ವಾಪಸ್ ಬಂದಿದ್ದರು. ಕಡ್ಲೆಪುರಿ ಅಗಿಯುವುದನ್ನು ನಿಲ್ಲಿಸಿದ್ದರು.

ಅಮ್ಮ ಮಾನಿಟರಿನ ಹಾರವನ್ನು ಎರಡೂ ಕೈಯಲ್ಲಿ ಎತ್ತಿ ಪಕ್ಕಕ್ಕೆ ಇಟ್ಟಳು.

"ಸರಸ್ವತಿ ಹಬ್ಬುದ್ ದಿನ ಹೆಣ್ಮಗ ಓದಕ್ಕೋಯ್ತೀನಿ ಅಂತ ಬರೀತಾ ಅವ್ಳೆ. ದೇವ್ರಿಗೆ ಕ್ವಾಪ ಬಂದ್ರೆ ನನ್ ಮ್ಯಾಲ್ ಬರ್ಲಿ. ನೀನ್ ಒತ್ತವ್ವ."

ಅಕ್ಕ ಒತ್ತಿದಳು. ಪುಟ ಬೆಳ್ಳಗಾಯಿತು. ಆ ಬಿಳುಪನ್ನೇ ನಾವು ನಾಲ್ವರೂ ನೋಡುತ್ತಿದ್ದೆವು. ಯಾರ ದನಿಯೂ ನನ್ನ ನಾಲಗೆಗೆ ಬರಲಿಲ್ಲ. ಮನಸ್ಸಿನಲ್ಲೇ ಮಾಮನಿಗೆ ಕೈಮುಗಿದೆ, ಅಮ್ಮನಿಗೆ ಮುಗಿದೆ, ನನ್ನನ್ನು ನಂಬಿ ಚಪ್ಪಲಿ ಬಿಟ್ಟಿದ್ದ ಅಕ್ಕನಿಗೂ ಮುಗಿದೆ. ಆಮೇಲೆ ಇಂಗ್ಲಿಷಿನಲ್ಲಿ ಎರಡು ಸಾಲು ಮೂಡಿದವು. ಅಕ್ಕ ಬೆರಳಿಟ್ಟುಕೊಂಡು ಓದಿದಳು. ಮತ್ತೆ ಮೊದಲಿನಿಂದ ಓದಿದಳು.

"ಏನಂತೆ?" ಅಮ್ಮ ಕೇಳಿದಳು.

"ಬಾ ಅಂತವ್ರಮ್ಮ" ಎಂದಳು ಅಕ್ಕ. "ಸೋಮ್ವಾರ ಬೆಳಿಗ್ಗೆ ಒಂಬತ್ತಕ್ಕೆ ಬಾ ಅಂತವ್ರೆ."